ಎಡೆಗೆ ಕಾವಲು

ಹನುಮವ್ವ ಜೈಲಿನಿಂದ ಬಿಡುಗಡೆಯಾದ ದಿನ ಮಗ ಕಾಶಿನಾಥ ಗೇಟಿನ ಹತ್ತಿರವೇ ಕಾಯುತ್ತ ನಿಂತಿದ್ದ. ಅಷ್ಟರಮಟ್ಟಿಗೆ ಅವನು ಒಳ್ಳೆಯ ಮಗನೇ. ಕೈಯಿಂದ ಚೀಲ ಇಸಿದುಕೊಂಡ, ಸ್ಟೇಷನ್ನಿನ ಹೊರಗೆ ಚಹಾ ಕುಡಿಸಿದ, ವಡಾಪಾವ್ ತಿನ್ನಿಸಿದ, ಲೋಕಲ್ ರೈಲಿನಲ್ಲಿ ಕಿಟಕಿಯ ಸೀಟು ಹಿಡಿದು ಕೂಡಿಸಿದ. ರೈಲು ಠಾಣೆ ಸ್ಟೇಷನ್ ದಾಟಿದ ಮೇಲೆ ಆಚೀಚೆ ನೋಡಿ, ಅವಳು ಸತ್ತು ಹತ್ತು ವರ್ಷವಾಯಿತೆಂದು ತಗ್ಗಿದ ದನಿಯಲ್ಲಿ ಹೇಳಿದ.

“ಯಾರು ಸತ್ರು ಅಂದಿ?”

“ನೀನ, ಅವ್ವಾ.”

ಅವನು ಅವಳನ್ನು ಅವ್ವ ಎಂದು ಕರೆದದ್ದು ಅದೇ ಕೊನೆ.

ನಡೆದದ್ದು ಇಷ್ಟು. ಹತ್ತು ವರ್ಷದ ಹಿಂದೆ ಎರಡು ಕೆಲಸ ಜೊತೆಯಾಗಿ ಬಂದಿದ್ದವು. ಕಾಶಿನಾಥನಿಗೆ ಹೆಣ್ಣು ಗೊತ್ತಾಗಿತ್ತು. ಗಂಡನ ತಲೆಗೆ ಒರಳಿನ ಗುಂಡು ಹಾಕಿ ಜೈಲಿಗೆ ಹೋದವಳ ಮಗನಿಗೆ ಯಾರು ಹೆಣ್ಣು ಕೊಡುತ್ತಾರೆ? ಅದೇ ಹೊತ್ತಿಗೆ, ಧಾರಾವಿಯ ಅವರ ಗಲ್ಲಿಯನ್ನು ಕೆಡವಿ ಬಿಲ್ಡಿಂಗ್ ಕಟ್ಟುತ್ತಾರೆಂದು ಅಲ್ಲಿಯ ಒಂದು ಕೋಣೆಯ ಮನೆಗಳಿಗೆ, ಖೋಲಿಗಳಿಗೆ, ನಂಬರು ಬರೆಯಲು ಜನ ಬಂದರು. ಖೋಲಿ ಯಾರದೆಂದು ತೋರಿಸುವ ಸರ್ಕಾರಿ ಫೋಟೋ ಪಾಸ್ ಇದ್ದದ್ದು ಹನುಮವ್ವನ ಹೆಸರಿನಲ್ಲಿ. ಹೆಸರಿನವಳು ಎಲ್ಲಿ ಎಂದರೆ ಏನು ಹೇಳುವುದು? ಗಲ್ಲಿಯ ಹಿರಿಯ ಖಂಡಪ್ಪ ದಾರಿ ತೋರಿಸಿದ. ಊರ ಕಡೆಯಿಂದ ಒಂದು ಮರಣದ ಕಾಗದ ತರಿಸಿಕೊಟ್ಟ. ಟೆಂಪೋ ಪಲ್ಟಿಯಾಗಿ ಸತ್ತಳು ಅಂತ. ಒಂದೇ ಕಾಗದದಲ್ಲಿ ಖೋಲಿಯೂ ಮಗನ ಹೆಸರಿಗಾಯಿತು, ಮದುವೆಯೂ ಆಯಿತು.

ಹೌದು, ಆ ವರ್ಷದಿಂದಲೇ ಅವನು ಜೈಲಿಗೆ ಭೇಟಿಗೆ ಬರುವುದನ್ನು ಬಿಟ್ಟಿದ್ದ. ಮದುವೆಯಾದದ್ದನ್ನೂ ಮಗಳು ಹುಟ್ಟಿದ್ದನ್ನೂ ಜೈಲಿನ ಫೋನಿನಲ್ಲಿ ಎರಡೆರಡು ಮಾತಿನಲ್ಲಿ ಹೇಳಿ ಮುಗಿಸಿದ್ದ. ಹನುಮವ್ವನಿಗೆ ಈಗ ಲೆಕ್ಕ ಹೊಂದಿತು. ಸತ್ತವರ ಭೇಟಿಗೆ ಯಾರು ಬರುತ್ತಾರೆ?

“ಬಿಲ್ಡಿಂಗಿನ ಚಾವಿ ಕೈಗೆ ಬರಲಿ. ಆಮ್ಯಾಲ ಬಾಗಿಲಾ ಹಾಕ್ಕೊಂಡು ನಾವ ನಾವ ಇರ್ತೀವಿ. ಆವಾಗ ಅವ್ವ ಅಂತ ಕರೀತೀನಿ. ಅಲ್ಲೀತನ ನೀ ನಮ್ಮವ್ವನ ತಂಗಿ. ಚಿಗವ್ವ. ಹೆಸರು ದುರಗವ್ವ. ಊರಿಂದ ಬಂದಿ.”

“ನನಗ ತಂಗೀನ ಇಲ್ಲಲ್ಲೊ.”

“ಅದಕ್ಕ ಚಲೋ ಆತು. ನಾನ ಖರೇ ದುರಗವ್ವ ಅಂತ ಯಾರೂ ಬರಂಗಿಲ್ಲ.”

ಆ ಖೋಲಿಗಾಗಿಯೇ ಅವಳು ಒಳಗೆ ಹೋದದ್ದು. ಗಂಡ ಮರೆಪ್ಪ ಅದನ್ನು ಕುಡಿತಕ್ಕೆ ಮಾರಲು ಹೊರಟಿದ್ದ. ಕಾಗದಕ್ಕೆ ಅವಳ ಹೆಬ್ಬೆಟ್ಟು ಒತ್ತಿಸಿಕೊಳ್ಳಲು ಬಲಗೈ ತಿರುಚಿದ. ಎಡಗೈಗೆ ಗುಂಡುಕಲ್ಲು ಸಿಕ್ಕಿತು. ಆಗ ಕಾಶಿನಾಥನಿಗೆ ಹತ್ತೊಂಬತ್ತು. ಹೊರಗೆ ನಳದಲ್ಲಿ ನೀರು ಹಿಡಿಯುತ್ತಿದ್ದ. ಹದಿನಾಲ್ಕು ವರ್ಷ ಅವಳು ಒಂದೇ ಮಾತು ಹೇಳಿಕೊಂಡು ಬದುಕಿದಳು: ನಾ ಹೋದರೂ ಹುಡುಗನ ತಲೆಯ ಮೇಲೆ ಸೂರು ಉಳಿಯಿತು.

“ಆಗಲಿ,” ಎಂದಳು. “ಕರೀ ನೋಡೋಣ.”

“ಚಿಗವ್ವ,” ಎಂದ ಕಾಶಿನಾಥ. ನಾಲಿಗೆ ತಡವರಿಸಲೇ ಇಲ್ಲ. ಮನೆಯಲ್ಲೇ ರೂಢಿ ಮಾಡಿಕೊಂಡು ಬಂದಿದ್ದನೋ ಏನೋ.

ಖೋಲಿ ಇದ್ದ ಹಾಗೇ ಇತ್ತು. ಹತ್ತು ಹೆಜ್ಜೆ ಉದ್ದ, ಎಂಟು ಹೆಜ್ಜೆ ಅಗಲ, ಮೂಲೆಯಲ್ಲಿ ಪಾತ್ರೆ ತಿಕ್ಕುವ ಮೋರಿ, ಮೇಲೆ ಹಲಗೆಯ ಅಟ್ಟ. ತಗಡಿನ ಗೋಡೆಗೆ ಗುಲಾಬಿ ಬಣ್ಣ ಬಂದಿತ್ತು. ಆ ಗೋಡೆಯ ಮೇಲೆ ಎರಡು ಫೋಟೋ. ಒಂದು ಮರೆಪ್ಪನದು. ಅದರ ಪಕ್ಕ, ಫೋಟೋ ಪಾಸಿಗೆ ತೆಗೆಸಿದ್ದನ್ನೇ ದೊಡ್ಡದು ಮಾಡಿಸಿ ಕಟ್ಟು ಹಾಕಿಸಿದ ಅವಳದು. ಎರಡಕ್ಕೂ ಪ್ಲಾಸ್ಟಿಕ್ಕಿನ ಹಾರ, ಎರಡರ ಕೆಳಗೂ ಮಿಣುಕುವ ಕೆಂಪು ಬಲ್ಬು. ಕೊಂದವಳನ್ನೂ ಕೊಲ್ಲಿಸಿಕೊಂಡವನನ್ನೂ ಮದುವೆಯ ದಿನದ ಹಾಗೆ ಜೋಡಿ ಕೂಡಿಸಿದ್ದರು.

ಸೊಸೆ ಮಹಾದೇವಿ ಬಾಗಿಲಲ್ಲೇ ಕಾಲಿಗೆ ನೀರು ಕೊಟ್ಟಳು. ಅವಳಿಗೆ ಮದುವೆಯಾದ ವರ್ಷವೇ ಎಲ್ಲ ತಿಳಿದಿತ್ತು. ತಿಳಿಯದವರು ಅವಳ ತವರಿನವರು ಮತ್ತು ಒಂಬತ್ತು ವರ್ಷದ ಮಗಳು ನಿಖಿತಾ.

“ಬರ್ರಿ ಅತ್ತಿ,” ಎಂದಳು ಮಹಾದೇವಿ. ಅವಳಿಗೆ ಸುಳ್ಳಿನ ಕಷ್ಟವಿರಲಿಲ್ಲ. ಗಂಡನ ಅವ್ವನೂ ಅತ್ತೆಯೇ, ಗಂಡನ ಚಿಗವ್ವನೂ ಅತ್ತೆಯೇ.

ನಿಖಿತಾ ಫೋಟೋ ನೋಡಿದಳು, ಹನುಮವ್ವನನ್ನು ನೋಡಿದಳು. “ಮಮ್ಮೀ, ಸೇಮ್ ಟು ಸೇಮ್!”

“ಅಕ್ಕ ತಂಗೇರು ಅಲ್ಲೇನ,” ಎಂದಳು ಮಹಾದೇವಿ. “ಊರಜ್ಜಿ ಅನ್ನು.”

“ಊರಜ್ಜಿ, ತುಮ್ ಕಬ್ ಜಾಯೇಗಿ?” ಎಂದಿತು ಮಗು. ಕೆಟ್ಟ ಮನಸ್ಸಿನಿಂದಲ್ಲ. ಊರಿಂದ ಬಂದವರು ಹೋಗುವಾಗ ಕೈಯಲ್ಲಿ ಹತ್ತು ರೂಪಾಯಿ ಇಟ್ಟು ಹೋಗುತ್ತಾರೆಂದು ಅದಕ್ಕೆ ಗೊತ್ತಿತ್ತು.

ಮರುದಿನದಿಂದ ಮನೆಗೆಲಸ ಹನುಮವ್ವನ ಕೈಗೆ ಬಂತು. ನಸುಕಿಗೆ ನಳ ಬರುವುದು, ಡ್ರಮ್ಮು ತುಂಬುವುದು, ಶಾಲೆಯ ಡಬ್ಬಿ, ಚರ್ಮದ ಚೀಲ ಹೊಲಿಯುವ ಕಾರ್ಖಾನೆಗೆ ಹೋಗುವ ಕಾಶಿನಾಥನ ಡಬ್ಬಿ. ಮೊದಲ ದಿನ ಬೇಳೆ ಕುದಿಸಿದಾಗ ಅರ್ಧ ಗಲ್ಲಿಗೆ ಹಂಚುವಷ್ಟಾಯಿತು. ಇನ್ನೂರು ಹೆಂಗಸರಿಗೆ ಅಡಿಗೆ ಮಾಡಿದ ಕೈ, ನಾಲ್ಕು ಜನರ ಅಳತೆ ಅದಕ್ಕೆ ಮರೆತುಹೋಗಿತ್ತು.

“ಬ್ಯಾಳಿ ಹಿಂಗ್ಯಾಕ ನೀರಾಗ್ಯದ?” ಎಂದ ಕಾಶಿನಾಥ.

“ಅಲ್ಲಿ ಹಿಂಗ...” ಎಂದು ಬಾಯಿ ತೆಗೆದವಳು ಮಗುವನ್ನು ನೋಡಿ ತಿದ್ದಿಕೊಂಡಳು, “ಊರಾಗ ಹಿಂಗ ಮಾಡ್ತಾರ.”

ಆದರೆ ಚಪಾತಿ! ಮಹಾದೇವಿ ಮಗಳ ಒಂದು ಜಡೆ ಹೆಣೆದು ಮುಗಿಸುವಷ್ಟರಲ್ಲಿ ಇಪ್ಪತ್ತು ಚಪಾತಿ ಲಟ್ಟಿಸಿ ಎಸೆದಿರುತ್ತಿದ್ದಳು, ಎಲ್ಲವೂ ಒಂದೇ ಸಮ ಗುಂಡಗೆ. ಎರಡು ವಾರದಲ್ಲಿ ಮಹಾದೇವಿ ಮಾಟುಂಗಾದಲ್ಲಿ ಇನ್ನೆರಡು ಮನೆಯ ಕೆಲಸ ಹಿಡಿದಳು.

“ನೀವು ಬಂದದ್ದು ಚಲೋ ಆತು ನೋಡ್ರಿ ಅತ್ತಿ. ನಾ ಮಂದಿ ಮನಿ ಬಾಂಡಿ ತಿಕ್ತೀನಿ, ನಮ್ಮ ಮನಿಗೂ ಒಬ್ಬಾಕಿ ಕೆಲಸದ ಬಾಯಿ ಸಿಕ್ಕಂಗಾತು,” ಎಂದು ನಕ್ಕಳು. ತಮಾಷೆಗೇ ಅಂದದ್ದು. ತಮಾಷೆಗೆ ಅಂದ ಮಾತೇ ಹೆಚ್ಚು ದಿನ ಬಾಳುವುದು.

ಒಂದು ವಿಷಯ ಮಾತ್ರ ಹನುಮವ್ವನಿಗೆ ತಿಳಿಯಲು ತಡವಾಯಿತು. ತರಕಾರಿಯನ್ನು ಮಹಾದೇವಿ ಬೆಳಗ್ಗೆಯೇ ಹೆಚ್ಚಿಟ್ಟು ಹೋಗುತ್ತಿದ್ದಳು.

“ಉಳ್ಳಾಗಡ್ಡಿ ಕಡಿಮಿ ಬಿತ್ತು, ಚಾಕು ಎಲ್ಲಿ ಅದ ಮಹಾದೇವಿ?”

“ಬಾಜೂದಾಕಿ ಒಯ್ದಾಳ ಅತ್ತಿ.”

ಮರುದಿನವೂ ಪಕ್ಕದವಳು ಒಯ್ದಿದ್ದಳು. ಅದರ ಮರುದಿನವೂ. ಒಂದು ಮಧ್ಯಾಹ್ನ ಚಾದರ ತೆಗೆಯಲು ಅಟ್ಟ ಹತ್ತಿದಾಗ, ಬೀಗ ಹಾಕಿದ ಟ್ರಂಕಿನ ಪಕ್ಕದಲ್ಲಿ ಗೋಣಿಚೀಲ ಸುತ್ತಿದ ಭಾರದ ವಸ್ತು ಕೈಗೆ ತಗುಲಿತು. ಖಾರ ಅರೆಯುವ ಗುಂಡುಕಲ್ಲು. ಅವಳು ಚಾದರ ತೆಗೆದುಕೊಂಡು ಇಳಿದಳು. ಆಮೇಲೆ ಚಾಕು ಕೇಳಲಿಲ್ಲ. ಉಳ್ಳಾಗಡ್ಡಿಯನ್ನು ಕೈಯಲ್ಲೇ ಗುದ್ದಿ ಒಡೆದು ಹಾಕಿದಳು.

ಗಣಪತಿ ಕಳುಹಿಸಿದ ವಾರ, ಮಧ್ಯಾಹ್ನದ ಹೊತ್ತಿನಲ್ಲಿ ವಾರಿಜಾ ಹುಡುಕಿಕೊಂಡು ಬಂದಳು. ಉಡುಪಿ ಕಡೆಯವಳು, ಜೈಲಿನ ಅಡಿಗೆಮನೆಯಲ್ಲಿ ಇವಳ ಜೋಡಿ. ಎರಡು ವರ್ಷ ಮೊದಲೇ ಬಿಡುಗಡೆಯಾಗಿ ಗ್ರಾಂಟ್ ರೋಡಿನ ಒಂದು ಹೋಟೆಲಿನಲ್ಲಿ ಕೆಲಸಕ್ಕಿದ್ದಳು. ಹನುಮವ್ವ ಅಕ್ಷರ ಕಲಿತದ್ದು ಅವಳಿಂದ. ಲಟ್ಟಿಸುವ ಮಣೆಯ ಮೇಲೆ ಹಿಟ್ಟು ಹರಡಿ, ಬೆರಳಿನಿಂದ ಬರೆಸಿ, ಮಗುವಿಗೆ ಕಲಿಸಿದ ಹಾಗೆ ಕಲಿಸಿದ್ದಳು. ಹ, ನು, ಮ, ವ್ವ. ನಾಲ್ಕೇ ಅಕ್ಷರ. ಕೊನೆಯದಕ್ಕೇ ಒಂದು ಮಳೆಗಾಲ ಹಿಡಿಯಿತು. ಹದಿನಾಲ್ಕು ವರ್ಷದಲ್ಲಿ ಹನುಮವ್ವ ಹೊಸದಾಗಿ ಸಂಪಾದಿಸಿದ್ದು ಅದೊಂದೇ: ತನ್ನ ಹೆಸರು ತಾನೇ ಬರೆಯುವುದು.

“ಎಂತ ಹನುಮಕ್ಕ, ಒಂದು ಫೋನೂ ಇಲ್ಲ!” ಗೋಳಿಬಜೆಯ ಪೊಟ್ಟಣ ಬಿಚ್ಚುತ್ತ ವಾರಿಜಾ ಗೋಡೆ ನೋಡಿದಳು. ಬಾಯಿಗೆ ಹಾಕಿದ್ದು ಹಾಗೆಯೇ ನಿಂತಿತು. “ಅಯ್ಯೋ ದೇವರೇ. ಇದೆಂತ ಮಾರಾಯ್ತಿ?”

“ನಾನ. ಸತ್ತು ಹತ್ತು ವರ್ಷ ಆತಂತ.”

ಎಲ್ಲ ಕೇಳಿದ ವಾರಿಜಾ ಪೊಟ್ಟಣ ಬದಿಗಿಟ್ಟಳು. “ನೋಡಿ ಹನುಮಕ್ಕ, ಚಪಾತಿ ಮಾಡ್ಲಿಕ್ಕೆ ನಮ್ಮಲ್ಲಿ ಜನ ಬೇಕು. ಮಲಗ್ಲಿಕ್ಕೆ ಮಾಳಿಗೆ ಉಂಟು, ಹೆಂಗಸರೇ ನಾಲ್ಕು ಜನ. ಧಣಿಗಳಿಗೆ ನನ್ನ ವಿಷಯ ಎಲ್ಲ ಗೊತ್ತುಂಟು, ಕೇಳುವುದಿಲ್ಲ. ನನ್ನೊಟ್ಟಿಗೆ ಬನ್ನಿ.”

“ನಂಗ್ಯಾಕ ಹೋಟೆಲು? ನನ್ನ ಮನಿ ಅದ.”

“ಮನೆ ಉಂಟು. ನೀವು ಇದ್ದೀರಾ?”

“ಚಾವಿ ಬರಲಿ, ಕರೀತೀನಿ ಅಂದಾನ.” ಹನುಮವ್ವ ಸೆರಗು ಸರಿಪಡಿಸಿಕೊಂಡಳು. “ಒಮ್ಮಿ ಅವ್ವ ಅಂತ ಕರದನಂದ್ರ ಸಾಕು. ಆಮ್ಯಾಲ ಬೇಕಾದ್ರ ಮೋರಿಯಾಗ ಮಲಗ್ತೀನಿ.”

ಅಷ್ಟರಲ್ಲಿ ನಿಖಿತಾ ಶಾಲೆಯ ಚೀಲ ಬೀಸುತ್ತ ಬಂದಳು. ವಾರಿಜಾ ಹೋಟೆಲಿನ ದಾರಿ ಹೇಳಿ, ‘ಬರ್ತೇನೆ ಹನುಮಕ್ಕ’ ಎಂದು ಹೋದ ಮೇಲೆ, ಗೋಳಿಬಜೆ ತಿನ್ನುತ್ತಾ ಕೇಳಿದಳು: “ವೋ ಆಂಟಿ ನಿಮಗ ಹನುಮಕ್ಕ ಯಾಕ ಬೋಲಿ? ವೋ ತೋ ಫೋಟೋವಾಲಿ ಅಜ್ಜಿದು ಹೆಸರು.”

“ನಮ್ಮಕ್ಕನ ನೆನಪು ಆಕಿಗೆ ಭಾಳ. ಬಾಯಿ ತಪ್ಪತದ.”

“ಫೋಟೋವಾಲಿ ಅಜ್ಜಿ ಅಚ್ಛೀ ಥೀ?”

ಹನುಮವ್ವ ಎರಡು ಬಜೆ ಅವಳ ಕೈಗಿಟ್ಟಳು. “ನಿಮ್ಮಪ್ಪಗ ಕೇಳು.”

ಪಕ್ಷಮಾಸದ ಎರಡನೆಯ ವಾರ ಖಂಡಪ್ಪ ಸಂಜೆ ಬಂದು ಅಟ್ಟದ ಏಣಿಗೆ ಒರಗಿ ಕೂತ. ಎಪ್ಪತ್ತರ ಮುದುಕ, ಬಾಯಲ್ಲಿ ಸದಾ ತಂಬಾಕು. ಗಲ್ಲಿಯಲ್ಲಿ ಹಳಬನೆಂದರೆ ಅವನೊಬ್ಬನೇ ಉಳಿದಿದ್ದ.

“ಗುರುವಾರ ಸರ್ವೇದವರು ಬರ್ತಾರ. ಹಳೀ ಲಿಸ್ಟು, ಹೊಸಾ ಲಿಸ್ಟು ಎರಡೂ ತಾಳೆ ಹಾಕ್ತಾರ. ಪಾತ್ರ ಅಂತ ಬರದ್ರ ಬಿಲ್ಡಿಂಗಿನಾಗ ಮನಿ. ಅಪಾತ್ರ ಅಂತ ಬರದ್ರ ರಸ್ತೆ. ನಮ್ಮ ಕಾಗದ ಸುಳ್ಳಂತ ಗೊತ್ತಾದ್ರ ರಸ್ತೇನೂ ಇಲ್ಲ, ಕಾಶ್ಯಾ ಜೈಲಿಗೆ. ನೀ ಇದ್ದ ಜಾಗಾಕ್ಕ, ಹನುಮವ್ವ.”

“ದುರಗವ್ವ ಅನ್ರಿ,” ಎಂದಳು ಮಹಾದೇವಿ.

“ಹಾಂ, ದುರಗವ್ವ. ನೀ ಆ ದಿನ ಹೊರಗ ಎಲ್ಲಿಗರ ಹೋಗಿಬಿಡು.”

“ಎಲ್ಲಿ ಹೋಗ್ಲಿ ಖಂಡಣ್ಣ? ಮೋರಿ ಕಡೆ ಮಾರಿ ಮಾಡ್ಕೊಂಡು ಬಾಂಡಿ ತಿಕ್ತೀನಿ. ತುಟಿ ಪಿಟಕ್ಕನ್ನಂಗಿಲ್ಲ.”

ಗುರುವಾರ ಮಾಡಿದ್ದೂ ಹಾಗೆಯೇ. ಗುಮಾಸ್ತ ಬಂದ, ಫೈಲು ಹಿಡಿದ ಹುಡುಗಿಯೊಬ್ಬಳು ಬಂದಳು, ದಾರಿ ತೋರಿಸುತ್ತ ಖಂಡಪ್ಪನೂ ಬಂದ. ಕಾಶಿನಾಥ ಕುರ್ಚಿ ಕೊಟ್ಟ, ಮಹಾದೇವಿ ಚಹಾ ಕೊಟ್ಟಳು. ಆಧಾರ್, ಲೈಟ್ ಬಿಲ್ಲು, ಮರಣದ ಕಾಗದ, ಒಂದೊಂದಾಗಿ ಕೈ ಬದಲಾದವು. ಹನುಮವ್ವ ಕುಕ್ಕರಗಾಲಿನಲ್ಲಿ ಕೂತು ಬೂದಿ ಹಚ್ಚಿ ಕಡಾಯಿ ತಿಕ್ಕುತ್ತಿದ್ದಳು.

ಗುಮಾಸ್ತ ಹಳೆಯ ಪಟ್ಟಿ ತೆರೆದು, ಸರ್ಕಾರಿ ಜನ ಓದುವ ಹಾಗೆ, ಹೆಸರನ್ನು ಗಟ್ಟಿಯಾಗಿ ಎರಡು ತುಂಡು ಮಾಡಿ ಓದಿದ:

“ಹನುಮವ್ವಾ! ಮರೆಪ್ಪಾ!”

“ಹಾಜರ್!”

ಕಡಾಯಿ ಮೋರಿಯಲ್ಲಿ ಉರುಳಿತು. ಹನುಮವ್ವ ಎದ್ದು ನಿಂತಿದ್ದಳು. ಎರಡೂ ಕೈ ತೊಡೆಗೆ ಅಂಟಿಸಿ, ಗದ್ದ ನೆಟ್ಟಗೆ ಎತ್ತಿ. ಹದಿನಾಲ್ಕು ವರ್ಷ, ದಿನಕ್ಕೆ ಎರಡು ಸಲ ಎಣಿಕೆ. ಆ ದನಿಯಲ್ಲಿ ಹೆಸರು ಕೂಗಿದರೆ ಹೆಣವೂ ಏಳುತ್ತದೆ.

ಕಾಶಿನಾಥನ ಮುಖ ಸುಣ್ಣವಾಯಿತು.

“ಯೇ ಕೌನ್?” ಎಂದ ಗುಮಾಸ್ತ, ಫೋಟೋ ನೋಡಿ, ಇವಳನ್ನು ನೋಡಿ.

“ಉಸ್ಕೀ ಬೆಹನ್ ಸಾಬ್,” ಖಂಡಪ್ಪ ಹಣೆಯ ಪಕ್ಕ ಬೆರಳು ತಿರುಗಿಸಿದ. “ಅಕ್ಕ ಮರ್ ಗಯೀ, ತಬ್ ಸೇ ದಿಮಾಗ್ ಥೋಡಾ... ಅಕ್ಕನ ಹೆಸರು ಯಾರು ಕರೆದರೂ ಹಿಂಗ ಮಾಡ್ತೀ ಹೈ.”

ಗುಮಾಸ್ತ ನಗಲಿಲ್ಲ. ಅವನು ಹನುಮವ್ವನ ಮುಂದೆಯೇ ಬಂದು ನಿಂತ. “ಬಾಯಿ, ತುಮ್ ಬೋಲೋ. ಹನುಮವ್ವಾ ಕಹಾಂ ಹೈ?”

ಅವಳು ಮಗನನ್ನು ನೋಡಿದಳು. ಕಾಶಿನಾಥ ಅವಳನ್ನು ನೋಡುತ್ತಿರಲಿಲ್ಲ. ಅವನ ಕಣ್ಣು ಗುಮಾಸ್ತನ ಪೆನ್ನಿನ ಮೇಲಿತ್ತು.

“ಮರ್ ಗಯೀ,” ಎಂದಳು ಹನುಮವ್ವ.

“ತುಮ್ನೇ ದೇಖಾ?”

“ದೇಖೀ ಸಾಬ್. ಮೈಂ ಥೀ ಉಧರ್.”

“ತೋ ಬಯಾನ್ ದೋ,” ಎಂದು ಅವನು ಹುಡುಗಿಗೆ ಸನ್ನೆ ಮಾಡಿದ. ಒಡಹುಟ್ಟಿದವಳೇ ಹೇಳಿಕೆ ಕೊಟ್ಟರೆ ಒಳ್ಳೆಯದೇ, ಮುಂದೆ ಯಾರೂ ಪ್ರಶ್ನೆ ಕೇಳುವ ಹಾಗಿಲ್ಲ ಎಂದು ಖಂಡಪ್ಪನಿಗೂ ವಿವರಿಸಿದ. ಹುಡುಗಿ ಅರ್ಧ ಪುಟ ಬರೆದಳು. “ಸಹೀ ಕರೋಗೀ ಯಾ ಅಂಗೂಠಾ?”

ಹನುಮವ್ವನ ಬಲಗೈಯ ತೋರುಬೆರಳು ಸೀರೆಯ ಮೇಲೆ ತಾನಾಗಿ ಒಂದು ಅಕ್ಷರ ಗೀರಿತು. ಅವಳು ಬರೆಯಬಲ್ಲದ್ದು ಜಗತ್ತಿನಲ್ಲಿ ಒಂದೇ ಹೆಸರು. ಅದನ್ನು ಮಾತ್ರ ಅಲ್ಲಿ ಬರೆಯುವ ಹಾಗಿರಲಿಲ್ಲ.

“ಅಂಗೂಠಾ,” ಎಂದಳು.

ಬೂದಿಯ ಕೈಯನ್ನು ಮಹಾದೇವಿಯೇ ಒರೆಸಿಕೊಟ್ಟಳು. ಮರೆಪ್ಪ ಕೈ ತಿರುಚಿದರೂ ಸಿಗದ ಹೆಬ್ಬೆಟ್ಟನ್ನು ಹುಡುಗಿ ಮೆಲ್ಲನೆ ಹಿಡಿದು, ಮಸಿಗೆ ಅದ್ದಿ, ಕಾಗದಕ್ಕೆ ಒತ್ತಿದಳು. “ಥ್ಯಾಂಕ್ಯೂ ಆಜೀ,” ಎಂದಳು.

ಆ ಸಂಜೆ ಮನೆಯಲ್ಲಿ ಹಬ್ಬ. ಕಾಶಿನಾಥ ಜಿಲೇಬಿ ತಂದ. ಮಹಾದೇವಿ ತಾನೇ ರೊಟ್ಟಿ ಬಡಿದು ಹಂಚಿನ ಮೇಲಿನ ಮೊದಲನೆಯದನ್ನು ಅತ್ತೆಯ ತಾಟಿಗೆ ಹಾಕಿದಳು. ನಿಖಿತಾ ಹೊರಗೆ ಆಡುತ್ತಿದ್ದಳು. ಹನುಮವ್ವ ರೊಟ್ಟಿ ಮುರಿಯದೆ ಕೇಳಿದಳು:

“ಈಗರ ಒಮ್ಮಿ ಕರಿಯೊ.”

“ಏನಂತ?”

“ಅವ್ವ ಅಂತ. ಮಗು ಇಲ್ಲ, ಯಾರೂ ಇಲ್ಲ.”

ಕಾಶಿನಾಥ ಬಾಗಿಲ ಕಡೆ ನೋಡಿದ. “ಗ್ವಾಡಿ ತಗಡಿಂದು ಚಿಗವ್ವ. ಆ ಕಡೆ ಕೆಮ್ಮಿದ್ರ ಈ ಕಡೆ ಕೇಳತದ.”

“ಹಂಗಾದ್ರ ಚಾವಿ ಬಂದ ಮ್ಯಾಲ ಕರೀತಿ?”

ಅವನು ಜಿಲೇಬಿ ಮುರಿದ. ಉತ್ತರ ಮಹಾದೇವಿಯಿಂದ ಬಂತು. ದನಿಯಲ್ಲಿ ಸಿಟ್ಟೇನೂ ಇರಲಿಲ್ಲ, ಗಿರಾಕಿಗೆ ದರ ಹೇಳುವ ಹಾಗೆ ಹೇಳಿದಳು: “ಇನ್ನ ಹ್ಯಾಂಗಾಗ್ತದ ಅತ್ತಿ? ಒಂದು ಕಾಗದ ಇದ್ದಾಗ ಹರೀಬಹುದಿತ್ತು. ಇವತ್ತ ನೀವ ಬೆಟ್ಟು ಒತ್ತೀರಿ. ಈಗ ನೀವು ಜೀವಂತ ಅದೀರಿ ಅಂದ್ರ ಇಬ್ಬರೂ ಒಳಗ ಹೋಗ್ತೀರಿ, ತಾಯಿ ಮಗ. ನಾನು ನನ್ನ ಮಗಳು ಎಲ್ಲಿ ಹೋಗೂಣು?”

“ನಾ ಯಾರಿಗಿ ಒತ್ತೀನಿ? ನಿಮಗ.”

“ಹೌದ್ರಿ. ಇಲ್ಲ ಅಂದೋರು ಯಾರು?” ಎಂದು ಮಹಾದೇವಿ ಎರಡನೆಯ ರೊಟ್ಟಿ ಹಾಕಿದಳು. “ಉಣ್ರಿ, ಆರ್ತದ.”

ಕಾಶಿನಾಥ ಎದ್ದು ಕೈ ತೊಳೆಯಲು ಹೋದ.

ಮೂರು ದಿನಕ್ಕೆ ಮಹಾಲಯ ಅಮಾವಾಸ್ಯೆ, ಹಿರಿಯರ ಪೂಜೆ. ಅವರಲ್ಲಿ ಪದ್ಧತಿ ಹೀಗೆ: ಸತ್ತ ಹಿರಿಯರ ಫೋಟೋದ ಮುಂದೆ ಹೊಸ ಬಟ್ಟೆ ಇಟ್ಟು, ಎಲೆ ಹಾಕಿ, ಬದುಕಿದ್ದಾಗ ಅವರಿಗೆ ಏನು ಸೇರುತ್ತಿತ್ತೋ ಅದನ್ನು ಎಡೆ ಬಡಿಸುತ್ತಾರೆ. ಆಮೇಲೆ ಎಲ್ಲರೂ ಹೊರಗೆ ಬಂದು ಬಾಗಿಲು ಮುಂದೆ ಮಾಡುತ್ತಾರೆ. ಮಗನಾದವನು ಹೊರಗೆ ನಿಂತು ಸತ್ತವರನ್ನು ಮೂರು ಸಲ ಊಟಕ್ಕೆ ಕರೆಯಬೇಕು. ಹಿರಿಯರು ಬಂದು ಉಂಡು ಹೋಗುವಷ್ಟು ಹೊತ್ತು ಬಿಟ್ಟು, ಬಾಗಿಲು ತಟ್ಟಿ ಒಳಗೆ ಹೋಗಬೇಕು.

ಆ ಭಾನುವಾರ ಮಹಾದೇವಿಯ ಅಪ್ಪ ಸಿದ್ದಲಿಂಗಪ್ಪ ಭಿವಂಡಿಯಿಂದ ಬಂದ. ದಪ್ಪ ಮೀಸೆಯ, ಶಿಸ್ತಿನ ಮನುಷ್ಯ. ಬೀಗಿತಿಯ ಫೋಟೋಕ್ಕೆ ವರ್ಷವೂ ತಾನೇ ಹೂವು ತರುತ್ತಿದ್ದ. “ಭಾಳ ಸಾಧ್ವಿ ಇದ್ದಳಂತ,” ಎಂದು ಹನುಮವ್ವನಿಗೇ ಹೇಳಿದ. “ನಿಮ್ಮಕ್ಕನಂಗ ನೀವೂ ಇರ್ರಿ.”

ಅಡಿಗೆಯೆಲ್ಲ ಹನುಮವ್ವನದೇ. ಕಡಲೆಬೇಳೆ ಬೇಯಿಸಿ, ಬೆಲ್ಲ ಹಾಕಿ ಕೈಯಲ್ಲೇ ಹಿಸುಕಿ ಹೂರಣ ಮಾಡಿದಳು, ಹೋಳಿಗೆ ಲಟ್ಟಿಸಿದಳು. ಮರೆಪ್ಪನ ಎಲೆಗೆ ಕಾಶಿನಾಥ ಎರಡು ಹೋಳಿಗೆ ಇಟ್ಟು ತುಪ್ಪ ಸುರಿದ. ಅವ್ವನ ಎಲೆಗೆ ಕಾಗದದ ಪೊಟ್ಟಣ ಬಿಚ್ಚಿ, ಒಣಗಿ ಕಟಕಟ ಅನ್ನುವ ಜೋಳದ ರೊಟ್ಟಿ, ಹಸಿಮೆಣಸಿನಕಾಯಿಯ ಖಾರ ಇಟ್ಟ.

“ಹೋಳಿಗಿ ಹಾಕೊ,” ಎಂದಳು ಹನುಮವ್ವ.

“ಇಲ್ಲ ಚಿಗವ್ವ. ಅವ್ವಗ ಕಟಕ್ ರೊಟ್ಟೀನ ಸೇರ್ತಿತ್ತು. ಹತ್ತು ವರ್ಷ ಆತು, ಅದನ್ನ ಇಡ್ತೀನಿ.”

“ನಿಮ್ಮವ್ವಗ ಹೋಳಿಗಿ ಸೇರ್ತಿತ್ತು.”

“ನಿನಗೇನ್ ಗೊತ್ತು? ನಾ ಕಣ್ಣಾರೆ ನೋಡೀನಿ. ಹೋಳಿಗಿ ಮಾಡಿದ ದಿನಾನೂ ಆಕಿ ಮೂಲ್ಯಾಗ ಕೂತು ಒಣಾ ರೊಟ್ಟಿ ಕಡೀತಿದ್ದಳು.”

ಹೌದು, ಕಡಿಯುತ್ತಿದ್ದಳು. ಬೆಲ್ಲ ತಂದ ವರ್ಷ ಹೋಳಿಗೆ ಆಗುತ್ತಿದ್ದದ್ದೇ ನಾಲ್ಕು. ಎರಡು ಗಂಡನಿಗೆ, ಎರಡು ಮಗನಿಗೆ. ಹನುಮವ್ವ ಫೋಟೋದ ಮುಂದೆ ಇಟ್ಟಿದ್ದ ಹಸಿರು ಇಳಕಲ್ ಸೀರೆಯ ಮಡಿಕೆ ಸರಿಮಾಡಿದಳು. ಅದನ್ನು ದೀಪಾವಳಿಗೆ ಮಹಾದೇವಿ ಉಡುವುದೆಂದು ಆಗಲೇ ಗೊತ್ತಾಗಿತ್ತು.

ಎಲ್ಲರೂ ಹೊರಡುವಾಗ ಬೆಕ್ಕು ಕೂಗಿತು. ಪಕ್ಕದ ಖೋಲಿಯ ಕಳ್ಳಬೆಕ್ಕು, ಅಟ್ಟದ ಸಂದಿಯಿಂದ ನುಗ್ಗುವುದು ಅದರ ಅಭ್ಯಾಸ. ಮಹಾದೇವಿ ತಡೆದು ನಿಂತಳು. ಅಪ್ಪನೂ ಗಂಡನೂ ಹೊರಗಿದ್ದರು.

“ಅತ್ತಿ, ನೀವು ಒಳಗ ಇರ್ರಿ. ಬೆಕ್ಕು ಎಡಿಗೆ ಬಾಯಿ ಹಾಕೀತು.”

“ಒಳಗ ಯಾರೂ ಇರಬಾರದಲ್ಲ?”

“ಜೀವಂತ ಇದ್ದವರು ಇರಬಾರದು,” ಎಂದಳು ಮಹಾದೇವಿ, ಚಪ್ಪಲಿಗೆ ಕಾಲು ತೂರಿಸುತ್ತ. “ನೀವಿದ್ರ ನಡೀತದ.”

ಬಾಗಿಲು ಮುಚ್ಚಿತು. ಹನುಮವ್ವ ಕೋಲು ಹಿಡಿದು ಅಟ್ಟದ ಕೆಳಗೆ ಕೂತಳು, ತನ್ನ ಎಡೆಯನ್ನು ತಾನೇ ಕಾಯುತ್ತ. ಊದಿನಕಡ್ಡಿಯ ಹೊಗೆ ಎರಡೂ ಫೋಟೋಗಳ ನಡುವೆ ಏರುತ್ತಿತ್ತು. ಹೊರಗೆ ಸಿದ್ದಲಿಂಗಪ್ಪನ ದನಿ: “ಕರೀರಿ ಅಳಿಯಂದ್ರ, ಹೊತ್ತಾತು.” ಕಾಶಿನಾಥ ಮೊದಲು ಅಪ್ಪನನ್ನು ಕರೆದ, ಮೂರು ಸಲ, ಗಡಿಬಿಡಿಯಲ್ಲಿ. ಆಮೇಲೆ ಅವ್ವನ ಸರದಿ.

“ಅವ್ವಾ, ಬಾ. ಉಣ್ಣು.”

ಹನುಮವ್ವ ಕೋಲು ಕೆಳಗಿಟ್ಟಳು.

“ಅವ್ವಾ, ಬಾ. ಉಣ್ಣು.”

ಒಂದೂವರೆ ತಿಂಗಳು ಕೇಳಿ ಬೇಡಿದರೂ ಬಾರದ ಮಾತು ತಗಡಿನಾಚೆಯಿಂದ ಗಲ್ಲಿಗೆಲ್ಲ ಕೇಳುವಂತೆ ಬರುತ್ತಿತ್ತು. ದನಿಯಲ್ಲಿ ಅಳುವಿತ್ತು. ಸುಳ್ಳಿನ ಅಳುವಲ್ಲ. ಅವನು ನಿಜವಾಗಿಯೂ ಅವ್ವನನ್ನು ಕಳೆದುಕೊಂಡವನ ಹಾಗೆಯೇ ಕರೆಯುತ್ತಿದ್ದ.

“ಅವ್ವಾ, ಬಾ. ಉಣ್ಣು.”

ಮೂರನೆಯ ಸಲಕ್ಕೆ ಹನುಮವ್ವ ಎದ್ದು ಹೋಗಿ ಎಲೆಯ ಮುಂದೆ ಚಕ್ಕಳಬಕ್ಕಳ ಹಾಕಿ ಕೂತಳು. ಒಣ ರೊಟ್ಟಿಯನ್ನು ಮುಟ್ಟಲಿಲ್ಲ. ಕೈ ಚಾಚಿ ಮರೆಪ್ಪನ ಎಲೆಯಿಂದ ಹೋಳಿಗೆ ಎಳೆದುಕೊಂಡಳು. ತುಪ್ಪ ಮೊಣಕೈತನಕ ಇಳಿಯಿತು. ಒಂದನ್ನು ತಿಂದಳು. ಎರಡನೆಯದನ್ನೂ ತಿಂದಳು. ಬೆಕ್ಕು ಅಟ್ಟದಿಂದ ಇಣುಕಿ ನೋಡಿ ಮಿಯಾಂವ್ ಅನ್ನದೆ ಹಿಂದೆ ಸರಿಯಿತು.

ಬಾಗಿಲು ತಟ್ಟಿದ ಸದ್ದಾದಾಗಲೂ ಅವಳು ಏಳಲಿಲ್ಲ.

ಮೊದಲು ಒಳಗೆ ಬಂದದ್ದು ಸಿದ್ದಲಿಂಗಪ್ಪ. “ಶಿವಶಿವಾ! ಎಡಿ ಎಂಜಲ ಮಾಡ್ಯಾಳಲ್ಲೊ!”

“ಚಿಗವ್ವ!” ಕಾಶಿನಾಥ ಅವಳ ರಟ್ಟೆ ಹಿಡಿದು ಎಳೆದ. “ಹಿರೇರ ಎಡಿ ತಿಂದಿ ಏನ? ನಾಚಿಕಿ ಬರಂಗಿಲ್ಲ?”

“ನೀ ಕರದಿ,” ಎಂದಳು ಹನುಮವ್ವ. “ಅದಕ್ಕ ಉಂಡೆ.”

“ಏನಂತಾಳ ಈಕಿ?” ಎಂದ ಸಿದ್ದಲಿಂಗಪ್ಪ.

ಕಾಶಿನಾಥನಿಗೆ ಮಾತು ಅರ್ಥವಾಗಿತ್ತು. ತಟ್ಟನೆ ಅವಳ ರಟ್ಟೆ ಬಿಟ್ಟ. ಎಲೆಯ ಮೇಲೆ ಮುಟ್ಟದೆ ಉಳಿದ ರೊಟ್ಟಿಯನ್ನು ನೋಡಿದ. ಒಂದು ಗಳಿಗೆ ಬಾಯಿ ತೆರೆದು ನಿಂತ. ಹನುಮವ್ವ ಅವನ ಬಾಯನ್ನೇ ನೋಡಿದಳು.

“ತಲಿ ನೆಟ್ಟಗಿಲ್ಲ ಮಾವ,” ಎಂದ. “ಅವತ್ತ ಸರ್ವೇದವರ ಮುಂದೂ ಹಿಂಗ ಮಾಡಿದಳು.”

“ಹೆಣ್ಣು ಹುಡುಗಿ ಇರೂ ಮನಿ ಇದು. ಇಂಥಾಕಿನ್ನ ಇಟ್ಕೊಂಡ್ರ ನಾಳೆ ಏನರ ಮಾಡ್ಯಾಳು. ಊರಿಗೆ ಕಳಸ್ರಿ, ಇವತ್ತ.”

ಯಾರೂ ಬೇಡ ಅನ್ನಲಿಲ್ಲ. ಹನುಮವ್ವ ಮೋರಿಯಲ್ಲಿ ಕೈ ತೊಳೆದಳು, ಮೊಣಕೈಯ ತುಪ್ಪವನ್ನೂ ತೊಳೆದಳು. ಜೈಲಿನಿಂದ ತಂದ ಚೀಲ ಏಣಿಯ ಕೆಳಗೇ ಇತ್ತು. ಬಿಚ್ಚಿ ಇಡಲು ಅವಳಿಗೆ ಯಾರೂ ಜಾಗ ತೋರಿಸಿರಲಿಲ್ಲ. ಮಹಾದೇವಿ ಮೂರು ಹೋಳಿಗೆ ಕಾಗದದಲ್ಲಿ ಸುತ್ತಿ ಚೀಲಕ್ಕೆ ಹಾಕಿದಳು. “ದಾರ್ಯಾಗ ತಿನ್ರಿ ಅತ್ತಿ,” ಎಂದಳು, ಮುಖ ನೋಡದೆ.

“ಊರಜ್ಜಿ, ಜಾ ರಹೀ ಹೋ?” ನಿಖಿತಾ ಕೈ ಚಾಚಿದಳು. ಹನುಮವ್ವ ಸೊಂಟದ ಗಂಟು ಬಿಚ್ಚಿ, ಜೈಲಿನ ದುಡಿಮೆಯಲ್ಲಿ ಉಳಿದಿದ್ದ ಹತ್ತರ ನೋಟೊಂದನ್ನು ಅವಳ ಅಂಗೈಗೆ ಇಟ್ಟು ಬೆರಳು ಮಡಚಿದಳು.

ಗಲ್ಲಿ ಕಿರಿದು, ಇಬ್ಬರು ಎದುರಾದರೆ ಒಬ್ಬರು ಗೋಡೆಗೆ ಒರಗಬೇಕು. ಸಾಯನ್ ಸ್ಟೇಷನ್ನಿಗೆ ಹೋಗಿ, ದಾದರಿನಲ್ಲಿ ಬದಲಿಸಿ, ಗ್ರಾಂಟ್ ರೋಡಿನಲ್ಲಿ ಇಳಿಯಬೇಕೆಂದು ವಾರಿಜಾ ಹೇಳಿದ್ದು ನೆನಪಿತ್ತು. ತಿರುವಿನ ನಳದ ಹತ್ತಿರ ಬಂದಾಗ ಹಿಂದಿನಿಂದ ಸಿದ್ದಲಿಂಗಪ್ಪನ ದನಿ ಕೇಳಿಸಿತು: “ಎಂಜಲ ಎಡಿ ತಗೀರಿ. ಹೊಸಾ ಎಲಿ ಹಾಕ್ರಿ. ಇನ್ನೊಮ್ಮಿ ಕರೀಬೇಕಾಗ್ತದ ಅಳಿಯಂದ್ರ, ಹಿರೇರು ಉಪಾಸ ಹೋಗಬಾರದು.” ಎಲೆ ಬಳಿದ ಸದ್ದು, ಪಾತ್ರೆಯ ಸದ್ದು. ಬಾಗಿಲು ಮುಂದೆ ಮಾಡಿದ ಸದ್ದು.

“ಅವ್ವಾ, ಬಾ. ಉಣ್ಣು.”

ಹನುಮವ್ವನ ಕಾಲು ನಿಂತಿತು. ಕೈಗಳು ತೊಡೆಗೆ ಅಂಟಿದವು, ಗದ್ದ ಮೇಲಕ್ಕೆದ್ದಿತು. ಮಾತು ಹಲ್ಲಿನ ಹಿಂದೆ ಬಂದು ನಿಂತಿತ್ತು. ಅದನ್ನು ಅಲ್ಲೇ ಕಚ್ಚಿ ಹಿಡಿದಳು.

“ಅವ್ವಾ, ಬಾ. ಉಣ್ಣು.”

ಅವಳು ಚೀಲವನ್ನು ಈ ಹೆಗಲಿನಿಂದ ಆ ಹೆಗಲಿಗೆ ಹಾಕಿಕೊಂಡಳು. ಮೂರನೆಯ ಕರೆ ಬರುವಷ್ಟರಲ್ಲಿ ತಿರುವು ದಾಟಿದ್ದಳು.